ನಿಯಂತ್ರಣ ಕವಾಟದ ಪೊಸಿಷನರ್: ಜೋಡಣೆ, ಕ್ಯಾಲಿಬ್ರೇಷನ್ ಮತ್ತು ಲೆಕ್ಕಪತ್ರ

ಭೀಮಾ ತೀರದ ಅಗರಖೇಡದಲ್ಲಿ ಕಟಾವಾದ ಕಬ್ಬು ಕಾದಷ್ಟೂ ತೂಕವನ್ನೂ ಸಕ್ಕರೆಯ ಅಂಶವನ್ನೂ ಕಳೆದುಕೊಳ್ಳುತ್ತದೆ. ಬಾಯ್ಲರಿನ ನೀರಿನ ಮಟ್ಟ ಏರುಪೇರಾಗಿ ಕಾರ್ಖಾನೆ ನಿಂತರೆ ನಷ್ಟವು ಉದ್ಯಮಿಯೊಡನೆ ಬೆಳೆಗಾರನಿಗೂ ತಟ್ಟುತ್ತದೆ. ಇಂಡಿ, ಸಿಂದಗಿ ಭಾಗದ ಸಕ್ಕರೆ ಕಾರ್ಖಾನೆಗಳಿರಲಿ, ಕೂಡಗಿಯ 2400 ಮೆಗಾವಾಟ್ ಉಷ್ಣ ವಿದ್ಯುತ್ ಸ್ಥಾವರವಿರಲಿ, ಉಗಿಯನ್ನು ಆಧರಿಸಿದ ಉದ್ಯಮದಲ್ಲಿ ಕವಾಟಗಳ ನಿಖರತೆಯೇ ಮಿತವ್ಯಯದ ಮೂಲ.

ನಿಯಂತ್ರಣ ಕೊಠಡಿಯು 4ರಿಂದ 20 ಮಿಲಿ ಆಂಪಿಯರ್ ಸಂಕೇತವನ್ನು ಕಳುಹಿಸುತ್ತದೆ. ಎಲೆಕ್ಟ್ರೋ-ನ್ಯೂಮ್ಯಾಟಿಕ್ ಪೊಸಿಷನರ್ ಅದಕ್ಕನುಗುಣವಾಗಿ ಆಕ್ಚುಯೇಟರಿಗೆ ಗಾಳಿಯ ಒತ್ತಡವನ್ನು ನೀಡುತ್ತದೆ. ಕವಾಟದ ದಂಡಕ್ಕೆ ಜೋಡಿಸಿದ ಲಿವರ್ ನಿಜಸ್ಥಾನವನ್ನು ಮರಳಿ ತಿಳಿಸುತ್ತದೆ. ಎರಡೂ ಹೊಂದುವವರೆಗೆ ಒತ್ತಡ ಬದಲಾಗುತ್ತಿರುತ್ತದೆ.

ಅನುಸರಿಸತಕ್ಕ ಕ್ರಮ:

1. ಕವಾಟವನ್ನು ಪ್ರಕ್ರಿಯೆಯಿಂದ ಬೇರ್ಪಡಿಸಬೇಕು. ಸ್ವಯಂ-ಕ್ಯಾಲಿಬ್ರೇಷನ್ ಉಳ್ಳ ಆಧುನಿಕ ಪೊಸಿಷನರ್ ಕವಾಟವನ್ನು ಪೂರ್ಣ ತೆರೆದು ಮುಚ್ಚುವುದರಿಂದ, ಚಾಲನೆಯಲ್ಲಿರುವಾಗ ಅದನ್ನು ಆರಂಭಿಸುವುದು ಅಪಾಯಕರ.

2. ಗಾಳಿಯು ಶುಷ್ಕವೂ ತೈಲರಹಿತವೂ ಆಗಿರಬೇಕು. ಒತ್ತಡವು ತಯಾರಕರು ಸೂಚಿಸಿದಷ್ಟಿರಬೇಕು.

3. ಅರ್ಧ ತೆರೆದ ಸ್ಥಿತಿಯಲ್ಲಿ ಲಿವರ್ ದಂಡಕ್ಕೆ ಲಂಬವಾಗಿರುವಂತೆ ಜೋಡಿಸಬೇಕು.

4. ಸಂಕೇತ ಹೆಚ್ಚಿದಂತೆ ತೆರೆಯುವ ಕವಾಟವಾದರೆ, 4 ಮಿಲಿ ಆಂಪಿಯರಿನಲ್ಲಿ ಪೂರ್ಣ ಮುಚ್ಚುವಂತೆ ಝೀರೋವನ್ನೂ, 20ರಲ್ಲಿ ಪೂರ್ಣ ತೆರೆಯುವಂತೆ ಸ್ಪ್ಯಾನನ್ನೂ ಹೊಂದಿಸಬೇಕು. ಹಳೆಯ ಯಾಂತ್ರಿಕ ಮಾದರಿಗಳಲ್ಲಿ ಒಂದನ್ನು ತಿರುಗಿಸಿದರೆ ಮತ್ತೊಂದು ಕದಲುವುದರಿಂದ, ಎರಡೂ ಸ್ಥಿರವಾಗುವವರೆಗೆ ಪುನರಾವರ್ತಿಸಬೇಕು.

5. 4, 8, 12, 16, 20 ಮಿಲಿ ಆಂಪಿಯರುಗಳಲ್ಲಿ ಏರಿಕೆ ಹಾಗೂ ಇಳಿಕೆಯ ಎರಡೂ ದಿಕ್ಕಿನಲ್ಲಿ ಸ್ಥಾನವನ್ನು ಅಳೆಯಬೇಕು. ಎರಡು ದಿಕ್ಕಿನ ಅಂತರವು ಘರ್ಷಣೆ ಅಥವಾ ಸಡಿಲ ಕೀಲುಗಳನ್ನು ಸೂಚಿಸುತ್ತದೆ.

ಉದಾಹರಣೆಗೆ, 20 ಮಿಲಿಮೀಟರ್ ಚಲನೆಯ ಕವಾಟವು 12 ಮಿಲಿ ಆಂಪಿಯರಿಗೆ 10 ಮಿಲಿಮೀಟರ್ ತೆರೆಯಬೇಕು. 11 ತೆರೆದರೆ ದೋಷವು ಪೂರ್ಣ ಚಲನೆಯ ಶೇಕಡಾ 5. ನಿಯಂತ್ರಕವು ಸಂಕೇತವನ್ನು ತಗ್ಗಿಸಿ ಇದನ್ನು ಮರೆಮಾಚಬಹುದು. ಆದರೆ ಮುಚ್ಚಿದೆಯೆಂದು ತೋರುವ ಕವಾಟದಿಂದ ಉಗಿ ಸೋರಿದರೆ, ಅದು ಯಾವ ವೋಚರಿನಲ್ಲಿಯೂ ಕಾಣದ ವೆಚ್ಚ. ಬಗ್ಯಾಸ್ ಅಥವಾ ಕಲ್ಲಿದ್ದಲಿನ ಬಳಕೆಯಲ್ಲಿ ಅಡಗಿ ಹೋಗುತ್ತದೆ.

ಆದ್ದರಿಂದ ಪ್ರತಿ ಕವಾಟಕ್ಕೂ ಹೊಂದಾಣಿಕೆಯ ಮುಂಚಿನ ಮತ್ತು ನಂತರದ ಅಳತೆ, ದಿನಾಂಕ, ಬಳಸಿದ ಉಪಕರಣ ಹಾಗೂ ಸಹಿಗಳನ್ನುಳ್ಳ ದಾಖಲೆಯಿರತಕ್ಕದ್ದು. ಮುಂಚಿನ ಅಳತೆಯನ್ನು ಬರೆಯದೆ ಸರಿಪಡಿಸಿದರೆ, ಹಿಂದಿನ ಹಂಗಾಮಿನ ನಷ್ಟಕ್ಕೆ ಸಾಕ್ಷ್ಯವೇ ಉಳಿಯದು. ನಿಯತ ಕ್ಯಾಲಿಬ್ರೇಷನ್ ಖರ್ಚು ಸಾಮಾನ್ಯವಾಗಿ ಕಂದಾಯ ವೆಚ್ಚ. ಹೊಸ ಪೊಸಿಷನರ್ ಅಳವಡಿಕೆಯನ್ನು ಪ್ರತ್ಯೇಕವಾಗಿ ಪರಿಶೀಲಿಸಬೇಕು. ಹಂಗಾಮು ಆರಂಭವಾಗುವ ಮೊದಲೇ ಈ ಕಾರ್ಯ ಮುಗಿದರೆ, ಕಬ್ಬಿನ ಗಾಡಿಗಳು ದ್ವಾರದಲ್ಲಿ ಕಾಯುವ ಕಾರಣಗಳಲ್ಲಿ ಒಂದಾದರೂ ಕಡಿಮೆಯಾಗುತ್ತದೆ.