ಚಿತ್ರದಿಂದ ಮಾತು, ಮಾತಿನಿಂದ ಬರಹ



ವಿದ್ಯಾರ್ಥಿವೇತನದ ಸಂದರ್ಶನಕ್ಕೆ ಬರುವ ಮಕ್ಕಳಲ್ಲಿ, ಅಂಕಪಟ್ಟಿ ಚೆನ್ನಾಗಿದ್ದರೂ "ನಿಮ್ಮ ಊರಿನ ಬಗ್ಗೆ ನಾಲ್ಕು ಮಾತು ಹೇಳಿ" ಎಂದಾಗ ತಲೆ ತಗ್ಗಿಸುವವರು ಇದ್ದಾರೆ. ಪ್ರಬಂಧ ಬರೆಯಲು ಹೇಳಿದರೆ ಗೈಡಿನಲ್ಲಿ ಬಾಯಿಪಾಠ ಮಾಡಿದ ವಾಕ್ಯಗಳೇ ಬರುತ್ತವೆ. ಇದು ಬುದ್ಧಿಯ ಕೊರತೆಯಲ್ಲ. ಮನೆಯಲ್ಲಿ ಬ್ಯಾರಿ ಅಥವಾ ಉರ್ದು, ಶಾಲೆಯಲ್ಲಿ ಕನ್ನಡ, ಮುಂದೆ ಕಾಲೇಜಿನಲ್ಲಿ ಇಂಗ್ಲಿಷ್. ಇವುಗಳ ನಡುವೆ ಸ್ವಂತ ಮಾತನ್ನು ಜೋಡಿಸುವ ಅಭ್ಯಾಸ ಮಗುವಿಗೆ ಸಿಕ್ಕಿರುವುದಿಲ್ಲ. ಶುಲ್ಕವನ್ನು ದಾನಿಗಳು ಕಟ್ಟಬಹುದು; ಮಾತನ್ನು ಮಗುವೇ ಕಲಿಯಬೇಕು. ಅದಕ್ಕೆ ಹೆಚ್ಚು ಖರ್ಚಿಲ್ಲದ ಒಂದು ಸಾಧನ ಚಿತ್ರ.

ಇದು ಹೊಸ ವಿಚಾರವೇನಲ್ಲ. ಯುರೋಪಿನ ಶಿಕ್ಷಣತಜ್ಞ ಕೊಮೇನಿಯಸ್ 1658ರಲ್ಲೇ ಮಕ್ಕಳಿಗಾಗಿ ಚಿತ್ರಗಳ ಪಠ್ಯಪುಸ್ತಕ ಪ್ರಕಟಿಸಿದರು. ಪ್ರತಿ ಪಾಠಕ್ಕೂ ಒಂದು ಚಿತ್ರ, ಚಿತ್ರದಲ್ಲಿರುವ ವಸ್ತುಗಳಿಗೆ ಸಂಖ್ಯೆ, ಅದರ ವಿವರಣೆ ಎರಡು ಭಾಷೆಗಳಲ್ಲಿ. ನಮ್ಮ ರಾಜ್ಯದಲ್ಲಿ 1995ರಲ್ಲಿ ಹೆಗ್ಗಡದೇವನಕೋಟೆ ತಾಲ್ಲೂಕಿನಲ್ಲಿ ಶುರುವಾದ 'ನಲಿ-ಕಲಿ' ಪದ್ಧತಿಯಲ್ಲೂ ಚಿತ್ರವಿರುವ ಕಾರ್ಡುಗಳನ್ನು ಬಳಸುತ್ತಾರೆ. ಎಮಿಲಿ ಕ್ಯಾಲ್‌ಹೂನ್ ಎಂಬ ಅಮೆರಿಕದ ಶಿಕ್ಷಣತಜ್ಞೆ 1999ರಲ್ಲಿ ವಿವರಿಸಿದ ಕ್ರಮವೂ ಸರಳವಾದದ್ದು: ಮೊದಲು ಚಿತ್ರದಲ್ಲಿ ಕಂಡದ್ದನ್ನು ಹೆಸರಿಸುವುದು, ಆಮೇಲೆ ವಾಕ್ಯ, ಕೊನೆಗೆ ಪ್ಯಾರಾ. ಮನೆಯಲ್ಲಿ ಇದನ್ನು ಹೀಗೆ ಮಾಡಬಹುದು.

1. ಹೆಸರು ಹೇಳಿಸಿ. ಹಳೆಯ ಕ್ಯಾಲೆಂಡರಿನಿಂದಲೋ ಪತ್ರಿಕೆಯಿಂದಲೋ ಒಂದು ಚಿತ್ರ ಕತ್ತರಿಸಿ, ದೊಡ್ಡ ಹಾಳೆಯ ನಡುವೆ ಅಂಟಿಸಿ. ಮೀನುಗಾರಿಕೆ ದಕ್ಕೆಯ ಚಿತ್ರವೆಂದುಕೊಳ್ಳೋಣ. ದೋಣಿ, ಬಲೆ, ಬುಟ್ಟಿ, ಬಂಗುಡೆ, ಐಸ್, ಕಾಗೆ ಎಂದು ಮಗು ಹೇಳುತ್ತಾ ಹೋಗಲಿ. ಕನ್ನಡ ಪದ ಗೊತ್ತಿಲ್ಲದಿದ್ದರೆ ಮನೆಮಾತಿನಲ್ಲೇ ಹೇಳಲಿ. ಒಂದೊಂದು ವಸ್ತುವಿನಿಂದ ಹಾಳೆಯ ಅಂಚಿಗೆ ಗೆರೆ ಎಳೆದು ಕನ್ನಡ ಪದವನ್ನು ಅಲ್ಲಿ ಬರೆಯಿರಿ.

2. ವಾಕ್ಯ ಮಾಡಿಸಿ. "ಇದೇನು?" ಎಂದು ಕೇಳಿದರೆ ಒಂದೇ ಪದದ ಉತ್ತರ ಬರುತ್ತದೆ. "ಇಲ್ಲಿ ಏನು ನಡೆಯುತ್ತಿದೆ? ನಿನಗೆ ಹಾಗೆ ಏಕೆ ಅನಿಸಿತು?" ಎಂದು ಕೇಳಿದರೆ ವಾಕ್ಯ ಬರುತ್ತದೆ. ಮನೆಮಾತಿನ ನೆರಳು ಬಿದ್ದ ತಪ್ಪುಗಳೂ ಆಗ ಕಾಣುತ್ತವೆ. ಉರ್ದುವಿನಲ್ಲಿ ದೋಣಿ ಸ್ತ್ರೀಲಿಂಗ. ಹಾಗಾಗಿ ಮಗು "ದೋಣಿ ಬಂದಳು" ಎನ್ನಬಹುದು. ನಗಬೇಡಿ. "ಹೌದು, ದೋಣಿ ಬಂತು" ಎಂದು ಸರಿಯಾದ ರೂಪವನ್ನು ನೀವು ಹೇಳಿದರೆ ಸಾಕು.

3. ಚಿತ್ರದ ಹೊರಗೆ ಕರೆದೊಯ್ಯಿರಿ. ಈ ದೋಣಿ ಎಷ್ಟು ಹೊತ್ತಿಗೆ ಹೊರಟಿರಬಹುದು? ಬುಟ್ಟಿ ಹೊತ್ತ ಹೆಂಗಸು ಇನ್ನು ಎಲ್ಲಿಗೆ ಹೋಗುತ್ತಾಳೆ? ಮೀನು ಸಿಗದ ದಿನ ಅವಳ ಮನೆಯಲ್ಲಿ ಏನಾಗುತ್ತದೆ? ಇವಕ್ಕೆ ಗೈಡಿನಲ್ಲಿ ಉತ್ತರವಿಲ್ಲ. ಮಗು ತಾನೇ ಯೋಚಿಸಬೇಕು.

4. ಆಮೇಲೆ ಬರೆಸಿ. ಬಾಯಲ್ಲಿ ಹೇಳಿದ್ದನ್ನೇ ಐದು ವಾಕ್ಯಗಳಲ್ಲಿ ಬರೆಯಲಿ. ಮೊದಲು "ದೋಣಿ ಬಂತು. ಮೀನು ಇದೆ. ಹೆಂಗಸು ಇದ್ದಾಳೆ" ಎಂದಷ್ಟೇ ಬರೆದೀತು. ಆಗ ಮೊದಲು, ಆಮೇಲೆ, ಆದ್ದರಿಂದ, ಆದರೆ ಎಂಬ ಪದಗಳನ್ನು ಕೊಟ್ಟು ವಾಕ್ಯಗಳನ್ನು ಜೋಡಿಸಲು ಹೇಳಿ. "ದೋಣಿ ತಡವಾಗಿ ಬಂತು. ಆದ್ದರಿಂದ ಐಸ್ ಕರಗಿತ್ತು. ಆದರೆ ಮೀನು ಕೆಟ್ಟಿರಲಿಲ್ಲ" ಎಂದು ಬರೆದ ಮಗು ಪ್ರಬಂಧದ ಮೊದಲ ಮೆಟ್ಟಿಲು ಹತ್ತಿದಂತೆಯೇ.

5. ತಿದ್ದುವಾಗ ಒಂದೇ ವಿಷಯ ಹಿಡಿಯಿರಿ. ಈ ವಾರ ಒತ್ತಕ್ಷರ, ಮುಂದಿನ ವಾರ ಕ್ರಿಯಾಪದ. ಎಲ್ಲ ತಪ್ಪುಗಳನ್ನೂ ಒಂದೇ ಸಲ ಕೆಂಪು ಶಾಯಿಯಲ್ಲಿ ಗುರುತಿಸಿದರೆ ಮಗು ತಪ್ಪಾಗದಷ್ಟು ಮಾತ್ರ, ಅಂದರೆ ತೀರಾ ಕಡಿಮೆ, ಬರೆಯಲು ಕಲಿಯುತ್ತದೆ.

"ನನಗೆ ಕನ್ನಡ ಓದಲು ಬರುವುದಿಲ್ಲ, ನಾನು ಹೇಗೆ ಕಲಿಸಲಿ?" ಎಂದು ಕೇಳುವ ತಾಯಂದಿರಿದ್ದಾರೆ. ಚಿತ್ರ ಓದಲು ಅಕ್ಷರ ಬೇಕಿಲ್ಲ. ಮೊದಲ ಮೂರು ಹಂತಗಳ ಪ್ರಶ್ನೆಗಳನ್ನು ಮನೆಮಾತಿನಲ್ಲೇ ಕೇಳಬಹುದು. ಪದಗಳನ್ನು ಬರೆಯುವ ಕೆಲಸಕ್ಕೆ ಅಕ್ಕನೋ ಅಣ್ಣನೋ ಇದ್ದರಾಯಿತು. ಉಮ್ಮನಿಗೆ ಬ್ಯಾರಿಯಲ್ಲಿ ಕಥೆ ಹೇಳಿದ ಮಗುವಿಗೆ ಕನ್ನಡದಲ್ಲಿ ಬರೆಯಲು ವಿಷಯ ಸಿದ್ಧವಾಗಿರುತ್ತದೆ. ಆಮೇಲೆ ಹುಡುಕಬೇಕಾದದ್ದು ಪದಗಳನ್ನು ಮಾತ್ರ.

ಜೀವಿಗಳ ಚಿತ್ರದ ಬಗ್ಗೆ ಕೆಲವು ಮನೆಗಳಲ್ಲಿ ಹಿಂಜರಿಕೆ ಇರುತ್ತದೆ. ಅಂಥವರು ಮಳೆಗಾಲದ ರಸ್ತೆ, ತೆಂಗಿನ ತೋಟ, ಸಂತೆಯ ತರಕಾರಿ ರಾಶಿ, ಮಸೀದಿಯ ಅಂಗಳದ ಚಿತ್ರ ಬಳಸಬಹುದು. ಬಾಗಿಲ ಬಳಿ ಬಿಟ್ಟ ಚಪ್ಪಲಿಗಳ ಒಂದು ಸಾಲೂ ಕಥೆಗೆ ಸಾಕು: ಒಳಗೆ ಯಾರು ಬಂದಿರಬಹುದು?

ದೊಡ್ಡ ಮಕ್ಕಳಿಗೂ ಇದು ಉಪಯುಕ್ತ. ಎಸ್ಸೆಸ್ಸೆಲ್ಸಿ ಇಂಗ್ಲಿಷ್ ಪ್ರಶ್ನೆಪತ್ರಿಕೆಯಲ್ಲಿ ಚಿತ್ರ ನೋಡಿ ವಿವರಣೆ ಬರೆಯುವ ಪ್ರಶ್ನೆ ಬರುತ್ತದೆ. ಚಿಕ್ಕಂದಿನಿಂದ ಚಿತ್ರದ ಜೊತೆ ಮಾತಾಡಿದ ವಿದ್ಯಾರ್ಥಿ ಅಲ್ಲಿ ತಡವರಿಸುವುದಿಲ್ಲ. ಮೊಬೈಲ್ ಇರುವವರು ಪ್ರಥಮ್ ಬುಕ್ಸ್ ಸಂಸ್ಥೆ 2015ರಲ್ಲಿ ಆರಂಭಿಸಿದ ಸ್ಟೋರಿವೀವರ್ ತಾಣದಲ್ಲಿ ಕನ್ನಡ, ಉರ್ದು ಚಿತ್ರಪುಸ್ತಕಗಳನ್ನು ಉಚಿತವಾಗಿ ಓದಬಹುದು.

ದಾನಿಗಳಲ್ಲಿ ಒಂದು ವಿನಂತಿ. ವರ್ಷ ಮುಗಿದ ಮೇಲೆ ನಿಮ್ಮ ಅಂಗಡಿಯ ಕ್ಯಾಲೆಂಡರ್, ಓದಿ ಮುಗಿಸಿದ ಚಿತ್ರಪತ್ರಿಕೆಗಳನ್ನು ರದ್ದಿಗೆ ಹಾಕುವ ಮೊದಲು ಹತ್ತಿರದ ಶಾಲೆಯನ್ನೋ ಮದ್ರಸವನ್ನೋ ನೆನಪಿಸಿಕೊಳ್ಳಿ. ಪೋಷಕರಲ್ಲಿ ಇನ್ನೊಂದು. ವಾರಕ್ಕೊಂದು ಚಿತ್ರ, ಇಶಾ ನಮಾಝಿನ ಬಳಿಕ ಹದಿನೈದು ನಿಮಿಷ. ಮಗು ಬರೆದ ಹಾಳೆಗಳನ್ನು ದಿನಾಂಕ ಹಾಕಿ ಒಂದು ಕಡತದಲ್ಲಿಡಿ. ವರ್ಷದ ಕೊನೆಗೆ ಮೊದಲ ಹಾಳೆಯನ್ನೂ ಕೊನೆಯ ಹಾಳೆಯನ್ನೂ ಪಕ್ಕಪಕ್ಕ ಇಟ್ಟು ಮಗುವಿಗೇ ತೋರಿಸಿ.

ಪವಿತ್ರ ಕುರ್‌ಆನಿನ ಪ್ರಥಮ ವಚನಗಳಲ್ಲೇ ಓದುವ ಆದೇಶವಿದೆ, ಲೇಖನಿಯ ಪ್ರಸ್ತಾಪವೂ ಇದೆ. ಆ ಲೇಖನಿ ನಮ್ಮ ಮಕ್ಕಳ ಕೈಯಲ್ಲಿ ಅವರದೇ ಮಾತುಗಳನ್ನು ಬರೆಯಲಿ. ಅಲ್ಲಾಹನು ಅನುಗ್ರಹಿಸಲಿ, ಆಮೀನ್.