ಎನ್‌ಸಿಆರ್ ಚೀಟಿ ಕೇಸಲ್ಲ

ಬೇಲಿ ಕಿತ್ತವರು, ಅಡಿಕೆ ಸಸಿ ಕಡಿದವರು, ಬೈಕಿನ ಸೀಟು ಕೊಯ್ದವರು ಯಾರೆಂದು ಊರಿಗೆಲ್ಲ ಗೊತ್ತಿರುತ್ತದೆ. ನಷ್ಟವಾದವರು ಠಾಣೆಗೂ ಹೋಗಿರುತ್ತಾರೆ. ವರ್ಷ ಕಳೆದ ಮೇಲೆ ನಮ್ಮಲ್ಲಿಗೆ ಬಂದು, ಮಡಿಚಿ ಮಡಿಚಿ ಹರಿಯುವಂತಾದ ಹಾಳೆಯೊಂದನ್ನು ಬಿಚ್ಚಿ, ‘ಕೇಸು ಎಲ್ಲಿಗೆ ಬಂತು ನೋಡಿ ಸಾರ್’ ಅನ್ನುತ್ತಾರೆ. ಹಾಳೆಯ ತಲೆಯಲ್ಲಿ ‘ಎನ್‌ಸಿಆರ್’ ಎಂದಿರುತ್ತದೆ. ಕೇಸು ಹೊರಟೇ ಇಲ್ಲ.

2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯ 324ನೇ ಕಲಮಿನಲ್ಲಿ ಶಿಕ್ಷೆ ನಿಂತಿರುವುದು ನಷ್ಟದ ಮೊತ್ತದ ಮೇಲೆ. 20 ಸಾವಿರದೊಳಗಾದರೆ ಹೆಚ್ಚೆಂದರೆ ಒಂದು ವರ್ಷ ಜೈಲು. ಅಲ್ಲಿಂದ ಲಕ್ಷದೊಳಗೆ ಎರಡು ವರ್ಷ. ಲಕ್ಷ ಮುಟ್ಟಿದರೆ ಐದು. ಬರೀ ದಂಡ ಹಾಕಿ ಬಿಡಲೂಬಹುದು. ಹಳೆಯ ಐಪಿಸಿ 427ಕ್ಕೆ 50 ರೂಪಾಯಿ ನಷ್ಟ ಸಾಕಿತ್ತು. ಠಾಣೆ ಎದುರು ಅರ್ಜಿ ಬರೆದುಕೊಡುವ ಮಹಾಶಯರು ಈಗಲೂ 427 ಎಂದು ಗೀಚಿ, ಮೊತ್ತ ಬರೆಯುವುದನ್ನೇ ಬಿಟ್ಟು, ತಮ್ಮ ಮೊತ್ತ ಮಾತ್ರ ಮರೆಯದೆ ಇಸಿದುಕೊಳ್ಳುತ್ತಾರೆ.

ಲಕ್ಷದೊಳಗಿನ ನಷ್ಟ ಅಸಂಜ್ಞೇಯ (ನಾನ್-ಕಾಗ್ನಿಜಬಲ್) ಅಪರಾಧ; ಚೀಟಿಯ ತಲೆಯ ‘ಎನ್‌ಸಿ’ ಇದೇ. ಮ್ಯಾಜಿಸ್ಟ್ರೇಟರ ಆದೇಶವಿಲ್ಲದೆ ಪೊಲೀಸರು ತನಿಖೆ ಮಾಡುವಂತಿಲ್ಲ. ದೂರು ದಾಖಲಿಸಿಕೊಂಡು ನಿಮ್ಮನ್ನು ಮ್ಯಾಜಿಸ್ಟ್ರೇಟರ ಬಳಿ ಕಳಿಸಬೇಕು. ಅದನ್ನು ಬಾಯಿಬಿಟ್ಟು ಹೇಳುವವರು ಅಪರೂಪ. ಚೀಟಿ ಕೊಟ್ಟು ‘ಕರೆಸಿ ಮಾತಾಡ್ತೀವಿ, ಹೋಗಿ’ ಎನ್ನುತ್ತಾರೆ. ಆಮೇಲೆ ಊರಿನ ಪುಢಾರಿಯ ರಾಜಿ ಪಂಚಾಯ್ತಿ, ಹಬ್ಬ ಕಳೀಲಿ, ಎಲೆಕ್ಷನ್ ಕಳೀಲಿ. ಇಷ್ಟರಲ್ಲಿ ಗಡುವೇ ಮುಗಿದಿರುತ್ತದೆ. ನಷ್ಟ 20 ಸಾವಿರದೊಳಗಿದ್ದರೆ ಒಂದು ವರ್ಷ, ಲಕ್ಷದೊಳಗಿದ್ದರೆ ಮೂರು ವರ್ಷ. ಆಮೇಲೆ ನ್ಯಾಯಾಲಯ ದೂರನ್ನು ಕೈಗೆತ್ತಿಕೊಳ್ಳುವುದಿಲ್ಲ. ವಿಳಂಬ ಮನ್ನಿಸಲು ಅವಕಾಶವಿದೆ, ಆದರೆ ‘ಠಾಣೆಯವರು ನೋಡ್ಕೋತೀವಿ ಅಂದಿದ್ರು’ ಎಂಬ ಕಾರಣವನ್ನು ನಂಬಿ ಕೂರಬೇಡಿ.

ಹಾಗಾಗಿ ಚೀಟಿ ಸಿಕ್ಕ ವಾರವೇ ಮ್ಯಾಜಿಸ್ಟ್ರೇಟರಲ್ಲಿ ತನಿಖೆಗೆ ಆದೇಶ ಕೇಳಿ. ಆದೇಶ ಬಂತೆಂದು ಹಿಗ್ಗುವ ಮುನ್ನ ಓದಿಸಿ ನೋಡಿ: ‘ಅನುಮತಿಸಿದೆ’ ಎಂದಷ್ಟೇ ಬರೆದದ್ದಕ್ಕೇ ನಮ್ಮ ಹೈಕೋರ್ಟು ಪ್ರಕರಣಗಳನ್ನು ರದ್ದು ಮಾಡಿದ್ದುಂಟು. ಪೊಲೀಸರ ಗೊಡವೆಯೇ ಬೇಡವೆಂದರೆ ಖಾಸಗಿ ದೂರು ಹಾಕಬಹುದು.

ಆದರೆ ಎಲ್ಲ ಹಾನಿಯೂ ಎನ್‌ಸಿಆರ್ ಅಲ್ಲ. ಬೆಳೆಗೆ ಬೆಂಕಿ, ದನಕ್ಕೆ ವಿಷ, ತೋಟಕ್ಕೆ ನೀರು ನಿಲ್ಲುವಂತೆ ಪೈಪು ಕಡಿದದ್ದು: ಇವಕ್ಕೆ ಮೊತ್ತದ ಲೆಕ್ಕವಿಲ್ಲ, ನೇರ ಎಫ್‌ಐಆರ್. ನಿಮ್ಮ ಜಮೀನಿಗೆ ನುಗ್ಗಿ ಸಸಿ ಕಡಿದಿದ್ದರೆ ಆ ಅತಿಕ್ರಮ ಪ್ರವೇಶವೇ ಸಂಜ್ಞೇಯ ಅಪರಾಧ. ಅದರ ಜೊತೆ ಸಸಿಯ ಕೇಸೂ ಸೇರುತ್ತದೆ. ದೂರಿನಲ್ಲಿ ಒಳನುಗ್ಗಿದ್ದನ್ನು ಮರೆಯದೆ ಬರೆಯಿರಿ. ಜಾಗವೇ ತಕರಾರಿನಲ್ಲಿದ್ದರೆ ಮಾತ್ರ ‘ಸಿವಿಲ್ ಮ್ಯಾಟರ್’ ಎಂದು ಕೈತೊಳೆದುಕೊಳ್ಳುತ್ತಾರೆ. ಎಫ್‌ಐಆರ್ ನಿರಾಕರಿಸಿದರೆ ಎಸ್ಪಿಯವರಿಗೆ ಅಂಚೆಯಲ್ಲಿ ದೂರು ಕಳಿಸಿ, ರಸೀದಿ ಇಟ್ಟುಕೊಳ್ಳಿ.

ಮಹಜರು ಆಗುವ ತನಕ ಕಡಿದ ಸಸಿ ಎತ್ತಿ ಹಾಕಬೇಡಿ. ಲಕ್ಷ ಮುಟ್ಟಿಸುವ ಆಸೆಗೆ ನಷ್ಟ ಉಬ್ಬಿಸಲೂಬೇಡಿ. ಪಾಟೀಸವಾಲಿನಲ್ಲಿ ಅದು ಮೊದಲು ಒಡೆಯುತ್ತದೆ. ಎದುರಾಳಿ ಜೈಲಿಗೆ ಹೋದರೂ ನಿಮ್ಮ ದುಡ್ಡು ತಾನಾಗಿ ಬರುವುದಿಲ್ಲ, ಅದಕ್ಕೆ ಬೇರೆ ಸಿವಿಲ್ ದಾವೆ ಹೂಡಬೇಕಾಗಬಹುದು. ಹಾಗಾಗಿ ಠಾಣೆಗೆ ನಷ್ಟದ ಬಿಲ್ಲಿನ ಜೆರಾಕ್ಸ್ ಕೊಡಿ, ಅಸಲು ನಿಮ್ಮಲ್ಲೇ ಇರಲಿ.