ಹಾಡಿಗೆ ಧಾಟಿ ಕೊಟ್ಟ ಅಣ್ಣತಮ್ಮ



ಸಿನಿಮಾ ಹಾಡು ಕೇಳಿದ ಕೂಡಲೇ ನಾವು ‘ಇದು ರಾಜ್‌ಕುಮಾರ್ ಹಾಡು, ಇದು ವಿಷ್ಣುವರ್ಧನ್ ಹಾಡು’ ಅಂತೀವಿ. ಪರದೆ ಮೇಲೆ ಕಾಣುವವರ ಹೆಸರು ಎಲ್ಲರಿಗೂ ಗೊತ್ತು. ಆದರೆ ಹಾಡಿಗೆ ಧಾಟಿ ಕೊಟ್ಟವರು ಯಾರು? ಅವರಿಗೆ ಸಂಗೀತ ನಿರ್ದೇಶಕರು ಎನ್ನುತ್ತಾರೆ. ನಾನು ರಾಜನ್–ನಾಗೇಂದ್ರ ಅವರ ಬಗ್ಗೆ ಬರೆದಿದ್ದೇನೆ. ಇದು ಒಬ್ಬರ ಹೆಸರಲ್ಲ, ಅಣ್ಣತಮ್ಮ ಇಬ್ಬರ ಹೆಸರು.

ಬಾಲ್ಯ: ಇವರು ಮೈಸೂರಿನವರು. ರಾಜನ್ 1933ರಲ್ಲಿ, ನಾಗೇಂದ್ರ 1935ರಲ್ಲಿ ಜನಿಸಿದರು. ತಂದೆ ರಾಜಪ್ಪನವರು ಹಾರ್ಮೋನಿಯಂ ಮತ್ತು ಕೊಳಲು ನುಡಿಸುತ್ತಿದ್ದರು. ಮೂಕಿ ಚಿತ್ರಗಳಲ್ಲಿ ಮಾತೂ ಇಲ್ಲ, ಹಾಡೂ ಇಲ್ಲ. ಅದಕ್ಕೇ ಚಿತ್ರ ಓಡುವಾಗ ವಾದ್ಯದವರು ಅಲ್ಲೇ ಕುಳಿತು ನುಡಿಸುತ್ತಿದ್ದರು. ರಾಜಪ್ಪನವರೂ ಹಾಗೆ ನುಡಿಸಿದವರು. ಮಕ್ಕಳಲ್ಲಿ ರಾಜನ್ ಪಿಟೀಲು ಕಲಿತರು, ನಾಗೇಂದ್ರ ಜಲತರಂಗ ಕಲಿತರು.

ಜಲತರಂಗ ಅಂದರೆ ಪಿಂಗಾಣಿ ಬಟ್ಟಲುಗಳಿಗೆ ನೀರು ಹಾಕಿ ಸಣ್ಣ ಕಡ್ಡಿಯಿಂದ ಬಾರಿಸುವ ವಾದ್ಯ. ನಾನು ಮನೆಯಲ್ಲಿ ನಾಲ್ಕು ಗಾಜಿನ ಲೋಟ ಇಟ್ಟು ಮಾಡಿ ನೋಡಿದೆ. ನೀರು ಹೆಚ್ಚಿದ್ದರೆ ಸ್ವರ ತಗ್ಗುತ್ತದೆ, ಕಡಿಮೆ ಇದ್ದರೆ ಏರುತ್ತದೆ. ನೀವೂ ಮಾಡಿ ನೋಡಿ. ಮೆಲ್ಲಗೆ ಬಾರಿಸಿ!

ಚಿತ್ರರಂಗ: ಇವರ ಮೊದಲ ಚಿತ್ರ 1953ರ ‘ಸೌಭಾಗ್ಯಲಕ್ಷ್ಮಿ’. ಆಗ ರಾಜನ್‌ಗೆ ಸುಮಾರು ಇಪ್ಪತ್ತು ವರ್ಷ, ನಾಗೇಂದ್ರ ಇನ್ನೂ ಚಿಕ್ಕವರು. ಆಮೇಲೆ ‘ಗಂಧದ ಗುಡಿ’ (1973), ‘ಎರಡು ಕನಸು’ (1974), ‘ಬಯಲು ದಾರಿ’ (1976), ‘ನಾ ನಿನ್ನ ಮರೆಯಲಾರೆ’ (1976) ಮುಂತಾದ ನೂರಾರು ಚಿತ್ರಗಳಿಗೆ ಸಂಗೀತ ಕೊಟ್ಟರು. ತೆಲುಗು ಚಿತ್ರಗಳಿಗೂ ಕೊಟ್ಟರು. ‘ಪರಸಂಗದ ಗೆಂಡೆತಿಮ್ಮ’ (1978) ನಮ್ಮಂಥ ಹಳ್ಳಿಯ ಕಥೆ. ದೊಡ್ಡರಂಗೇಗೌಡರು ಹಳ್ಳಿಯ ಮಾತಿನಲ್ಲೇ ಅದಕ್ಕೆ ಹಾಡು ಬರೆದರು. ಅದರ ಸಂಗೀತಕ್ಕೆ ರಾಜ್ಯ ಪ್ರಶಸ್ತಿ ಬಂತು.

ಹಾಡು ಹೇಗೆ ಆಗುತ್ತದೆ?
1. ನಿರ್ದೇಶಕರು ಕಥೆಯ ಸನ್ನಿವೇಶ ಹೇಳುತ್ತಾರೆ.
2. ಸಂಗೀತ ನಿರ್ದೇಶಕರು ಧಾಟಿ ಹುಡುಕುತ್ತಾರೆ. ಕವಿ ಅದಕ್ಕೆ ಹೊಂದುವಂತೆ ಪಲ್ಲವಿ, ಚರಣ ಬರೆಯುತ್ತಾರೆ. ಕೆಲವು ಸಲ ಸಾಹಿತ್ಯ ಮೊದಲು, ಧಾಟಿ ಆಮೇಲೆ.
3. ಪಿಟೀಲು, ಕೊಳಲು, ತಬಲ ಎಲ್ಲೆಲ್ಲಿ ಬರಬೇಕು ಅಂತ ಗೊತ್ತು ಮಾಡುತ್ತಾರೆ.
4. ಗಾಯಕರಿಗೆ ಕಲಿಸಿ ಹಾಡು ಮುದ್ರಿಸುತ್ತಾರೆ.
5. ಚಿತ್ರೀಕರಣದಲ್ಲಿ ನಟರು ಆ ಹಾಡಿಗೆ ತುಟಿ ಆಡಿಸುತ್ತಾರೆ.

ಹಿಂದೆ ಹಾಡುವವರು, ನುಡಿಸುವವರು ಎಲ್ಲರೂ ಒಟ್ಟಿಗೇ ಸೇರಿ ಮುದ್ರಿಸುತ್ತಿದ್ದರು. ಒಬ್ಬರು ತಪ್ಪಿದರೂ ಎಲ್ಲರೂ ಮತ್ತೆ ಹಾಡಬೇಕು, ನುಡಿಸಬೇಕು! ಈಗ ಒಬ್ಬೊಬ್ಬರದನ್ನೂ ಬೇರೆ ಬೇರೆ ಮುದ್ರಿಸಿ ಕಂಪ್ಯೂಟರಿನಲ್ಲಿ ಕೂಡಿಸಬಹುದು.

ನಾಗೇಂದ್ರ 2000ದಲ್ಲಿ ತೀರಿಕೊಂಡರು, ರಾಜನ್ 2020ರಲ್ಲಿ. ಇಬ್ಬರೂ ಈಗಿಲ್ಲ. ಅವರ ಹಾಡನ್ನು ನಮ್ಮೂರಿನಲ್ಲಿ ನಾಟಿ ಮಾಡುವವರೂ ಹೇಳುತ್ತಾರೆ, ಆದರೆ ಹೆಸರು ಗೊತ್ತಿಲ್ಲ.

ಇದರಿಂದ ನಾನು ತಿಳಿದದ್ದು: ಒಂದು ಹಾಡು ಒಬ್ಬರದಲ್ಲ. ಆಕಾಶವಾಣಿಯಲ್ಲಿ ಹಾಡಿನ ಜೊತೆ ಸಾಹಿತ್ಯ ಯಾರದು, ಸಂಗೀತ ಯಾರದು, ಹಾಡಿದವರು ಯಾರು ಅಂತ ಹೇಳುತ್ತಾರೆ. ಈ ಸಲದ ನಮ್ಮ ವಾರ್ಷಿಕೋತ್ಸವದಲ್ಲಿ ನಾವೂ ಹಾಗೇ ಹೇಳೋಣ. ಪರದೆ ಹಿಂದೆ ಹಾರ್ಮೋನಿಯಂ ಒತ್ತುವ, ತಬಲ ಬಾರಿಸುವ ನಮ್ಮ ಗೆಳೆಯರ ಹೆಸರನ್ನೂ ಮೈಕಿನಲ್ಲಿ ಕೂಗೋಣ. ಗುರುಗಳು ಒಪ್ಪಬೇಕೆಂದು ನನ್ನ ವಿನಂತಿ.